ತಾಳಿದವರೆಲ್ಲ ಬಾಳಲಿಲ್ಲ

ನಗರದ ಮೇಲೆ ತೆಗೆಯುವ ಕಿರು ಸಾಕ್ಷ್ಯಚಿತ್ರಕ್ಕೆ ಈಗ ಒಂದು ಸಿದ್ಧ ಅಚ್ಚು ಬಂದುಬಿಟ್ಟಿದೆ. ಬೆಳಗಿನ ಜಾವದ ಕೆ.ಆರ್. ಮಾರುಕಟ್ಟೆ; ಮೇಲೆ ಡ್ರೋನ್, ಕೆಳಗೆ ಸೇವಂತಿಗೆ ಮೂಟೆ ಹೊತ್ತ ಹಮಾಲಿ. ಆಮೇಲೆ ಟೀ ಗ್ಲಾಸಿನ ಹಬೆ, ಪೊರಕೆ ಹಿಡಿದ ಪೌರಕಾರ್ಮಿಕರ ಕೈ, ಬಾಗಿಲಲ್ಲಿ ಜನ ಜೋತುಬಿದ್ದ ಬಸ್ಸು. ಯಾರೂ ಮಾತಾಡುವುದಿಲ್ಲ, ಆಡಿದರೂ ಅರ್ಧ ವಾಕ್ಯ. ಕೊನೆಯ ಹೊತ್ತಿಗೆ ಸರಿಯಾಗಿ ಮಳೆ ಬರುತ್ತದೆ. ಹೂ ಮಾರುವ ಹೆಂಗಸು ನೀಲಿ ಟಾರ್ಪಾಲು ಎಳೆದುಕೊಂಡು, ಕ್ಯಾಮೆರಾದ ಕಡೆ ಒಮ್ಮೆ ನಕ್ಕು, ಮತ್ತೆ ಕನಕಾಂಬರಕ್ಕೆ ದಾರ ಸುತ್ತತೊಡಗುತ್ತಾಳೆ. ಹತ್ತು ನಿಮಿಷಕ್ಕೆ ಚಿತ್ರ ಮುಗಿಯುತ್ತದೆ. ದೀಪ ಹತ್ತಿದಾಗ ಸಭಾಂಗಣದಲ್ಲಿ ಎಲ್ಲರದೂ ಒಂದೇ ಮಾತು: ಎಷ್ಟೇ ಕಷ್ಟ ಬರಲಿ, ಈ ಜನ ಸೋಲುವವರಲ್ಲ ಬಿಡಿ.

ನನ್ನ ತಕರಾರು ಈ ಮಾತಿನ ಮೇಲೆಯೇ.

ಎದುರು ಪಕ್ಷದ ವಾದವನ್ನು ಮೊದಲು ನ್ಯಾಯವಾಗಿ ಮುಂದಿಡೋಣ. ಇಂಥ ಚಿತ್ರಗಳ ಪರವಾಗಿ ಹೇಳುವುದು ಮೂರು. ಒಂದು, ಬಡವರನ್ನು ಅಳುಮುಂಜಿಗಳಾಗಿ ತೋರಿಸುವ ಹಳೆಯ ಚಾಳಿಗಿಂತ ಇದು ಎಷ್ಟೋ ಮೇಲು. ಇಲ್ಲಿ ಅವರಿಗೆ ಘನತೆಯಿದೆ. ಎರಡು, ಇಲ್ಲಿ ಉಪದೇಶವಿಲ್ಲ. ಕ್ಯಾಮೆರಾ ಸುಮ್ಮನೆ ನೋಡುತ್ತದೆ, ತೀರ್ಪು ನೋಡುಗರಿಗೆ ಬಿಟ್ಟದ್ದು. ಮೂರು, ಪತ್ರಿಕೆ, ಟಿವಿ ತುಂಬ ಕೆಟ್ಟ ಸುದ್ದಿಯೇ ಇರುವಾಗ ಒಂದಿಷ್ಟು ಭರವಸೆ ಹಂಚಿದರೆ ತಪ್ಪೇನು? ಮೂರೂ ಸದುದ್ದೇಶದ ಮಾತುಗಳೇ. ‘ತಾಳಿದವನು ಬಾಳಿಯಾನು’ ಎಂಬ ಗಾದೆಯ ಬೆಂಬಲವೂ ಅವಕ್ಕಿದೆ. ಆದರೆ ನಗರಗಳ ಚರಿತ್ರೆ ತೆಗೆದು ನೋಡಿದರೆ, ತಾಳಿಕೊಂಡವರು ಬಾಳಿದ್ದಕ್ಕಿಂತ, ಇನ್ನು ತಾಳಲಾರೆವು ಎಂದು ಎದ್ದು ನಿಂತವರಿಂದಾಗಿ ಉಳಿದವರು ಬಾಳಿದ್ದೇ ಹೆಚ್ಚು. ನಮ್ಮ ಚಿತ್ರಗಳು ಮೊದಲನೆಯವರನ್ನು ಹಾಡಿ ಹೊಗಳುತ್ತವೆ. ಎರಡನೆಯವರನ್ನು ಎಡಿಟಿಂಗ್‌ನಲ್ಲೇ ಕತ್ತರಿಸಿ ಹಾಕುತ್ತವೆ.

ಈ ಜಾತಿಯ ಚಿತ್ರಗಳ ಹಿರೀಕ 1940ರ ‘ಲಂಡನ್ ಕ್ಯಾನ್ ಟೇಕ್ ಇಟ್!’. ಹ್ಯಾರಿ ವಾಟ್ ಮತ್ತು ಹಂಫ್ರಿ ಜೆನ್ನಿಂಗ್ಸ್ ನಿರ್ದೇಶಿಸಿದ, ಹತ್ತು ನಿಮಿಷದ ಆಸುಪಾಸಿನ ಚಿತ್ರ. ಆ ವರ್ಷ ಸೆಪ್ಟೆಂಬರ್ 7ರಂದು ಜರ್ಮನಿಯ ವಿಮಾನಗಳು ಲಂಡನ್ನಿನ ಮೇಲೆ ಬಾಂಬು ಸುರಿಯತೊಡಗಿದವು. ಮುಂದಿನ ತಿಂಗಳೇ ಚಿತ್ರ ಸಿದ್ಧವಾಗಿತ್ತು. ಸಂಜೆ ಹಾಸಿಗೆ ಹೊದಿಕೆ ಕಂಕುಳಲ್ಲಿ ಇರುಕಿಕೊಂಡು ಆಶ್ರಯತಾಣದ ಮುಂದೆ ಸಾಲುಗಟ್ಟುವ ಜನ, ರಾತ್ರಿಯಿಡೀ ವಿಮಾನ ಹೊಡೆಯುವ ಗನ್ನುಗಳ ಸದ್ದು, ಬೆಳಗಾದರೆ ಕುಸಿದ ಗೋಡೆಗಳ ನಡುವೆ ದಾರಿ ಮಾಡಿಕೊಂಡು ಕೆಲಸಕ್ಕೆ ಹೊರಟ ಅದೇ ಜನ. ಈಗ ನೋಡಿದರೂ ಮೈ ಜುಮ್ಮೆನ್ನುತ್ತದೆ, ಅಷ್ಟು ಚೆನ್ನಾಗಿದೆ. ಆದರೆ ಚಿತ್ರದುದ್ದಕ್ಕೂ ಲಂಡನ್ನಿನವರು ಬಾಯಿ ಬಿಡುವುದಿಲ್ಲ. ಮಾತೆಲ್ಲ ಕ್ವೆಂಟಿನ್ ರೆನಾಲ್ಡ್ಸ್ ಎಂಬ ಅಮೆರಿಕದ ಪತ್ರಕರ್ತನದು. ಈ ಊರಿನಲ್ಲಿ ಭಯವಿಲ್ಲ, ಗಾಬರಿಯಿಲ್ಲ ಎಂದು ಅವರ ಪರವಾಗಿ ಆತ ಭರವಸೆ ಕೊಡುತ್ತಾನೆ. ಚಿತ್ರ ಮಾಡಿಸಿದ್ದು ಬ್ರಿಟನ್ನಿನ ಮಾಹಿತಿ ಸಚಿವಾಲಯ, ಅಮೆರಿಕದವರ ಮನ ಗೆಲ್ಲಲು.

ಆ ಹತ್ತು ನಿಮಿಷದ ಹೊರಗೆ ಉಳಿದದ್ದೇನು? ಬಾಂಬು ಬೀಳಬಹುದೆಂಬುದು ಸರಕಾರಕ್ಕೆ ಗೊತ್ತಿಲ್ಲದ ಸಂಗತಿಯೇನಲ್ಲ. ಮುಂದೆ ಭಾರತಕ್ಕೆ ಬಂದು ನೆಲೆಸಿ, ಭುವನೇಶ್ವರದಲ್ಲಿ ತೀರಿಕೊಂಡ ವಿಜ್ಞಾನಿ ಜೆ.ಬಿ.ಎಸ್. ಹಾಲ್ಡೇನ್, ಸ್ಪೇನಿನ ಅಂತರ್ಯುದ್ಧವನ್ನು ಕಣ್ಣಾರೆ ಕಂಡು, ನೆಲದಾಳದಲ್ಲಿ ಆಶ್ರಯತಾಣ ಕಟ್ಟಿ ಎಂದು 1938ರಲ್ಲೇ ಪುಸ್ತಕ ಬರೆದಿದ್ದರು. ಸರಕಾರ ಒಪ್ಪಲಿಲ್ಲ. ಭೂಗತ ರೈಲು ನಿಲ್ದಾಣಗಳನ್ನಾದರೂ ತೆರೆಯಿರಿ ಎಂದರೆ ಮೊದಮೊದಲು ಅದಕ್ಕೂ ಇಲ್ಲ. ಒಮ್ಮೆ ಇಳಿದ ಜನ ಮೇಲೆ ಬರುವುದೇ ಇಲ್ಲವೆಂಬ ಅಂಜಿಕೆ ಅಧಿಕಾರಿಗಳಿಗೆ. ಕ್ಯಾನಿಂಗ್ ಟೌನಿನ ಸೌತ್ ಹಾಲ್ಸ್‌ವಿಲ್ ಶಾಲೆಯಲ್ಲಿ ಮನೆ ಕಳೆದುಕೊಂಡ ಕುಟುಂಬಗಳು, ಬಸ್ಸು ಬರುತ್ತದೆ ಇರಿ ಎಂಬ ಮಾತು ನಂಬಿ ಕಾದವು. ಬಸ್ಸು ಬರಲಿಲ್ಲ. ಸೆಪ್ಟೆಂಬರ್ 10ರಂದು ಆ ಶಾಲೆಯ ಮೇಲೇ ಬಾಂಬು ಬಿತ್ತು. ಸರಕಾರದ ಲೆಕ್ಕದಲ್ಲೇ ಸತ್ತವರು 70ಕ್ಕೂ ಹೆಚ್ಚು. ಊರವರ ಲೆಕ್ಕ ಅದರ ಎಷ್ಟೋ ಪಟ್ಟು. ಅವರು ತಾಳಿಕೊಂಡೇ ಕೂತಿದ್ದರು.

ತಾಳದವರ ಕತೆ ಬೇರೆ. ಎಲ್ಲಕ್ಕಿಂತ ಅಗ್ಗದ ಟಿಕೆಟ್ ಕೊಂಡು ನಿಲ್ದಾಣಕ್ಕೆ ಇಳಿದ ಅವರು ಮೇಲೆ ಬರಲು ಒಪ್ಪಲಿಲ್ಲ. ಸೆಪ್ಟೆಂಬರ್ 14ರ ರಾತ್ರಿ ಪೂರ್ವ ಲಂಡನ್ನಿನ ಸ್ಟೆಪ್ನಿಯ ಬಡ ಜನ ಫಿಲ್ ಪಿರಾಟಿನ್ ಎಂಬ ಕಮ್ಯುನಿಸ್ಟ್ ಮುಖಂಡನೊಂದಿಗೆ ಸವಾಯ್ ಹೋಟೆಲಿಗೆ ನುಗ್ಗಿ, ಸಿರಿವಂತ ಅತಿಥಿಗಳಿಗೆಂದು ಇದ್ದ ಆಶ್ರಯತಾಣದಲ್ಲಿ ನಮಗೂ ಜಾಗ ಕೊಡಿ ಎಂದು ಕೂತರು. ಕೆಲವೇ ದಿನಗಳೊಳಗೆ ಸರಕಾರ ನಿಲ್ದಾಣಗಳ ವಿಷಯದಲ್ಲಿ ಮಣಿಯಿತು. ಅದೇ ತಿಂಗಳ ಕೊನೆಗೆ ಒಂದೇ ರಾತ್ರಿ 1,77,000 ಜನ ರೈಲು ನಿಲ್ದಾಣಗಳಲ್ಲಿ ಮಲಗಿದ್ದರು. ನೆಲದಡಿಯ ಜಾಗವನ್ನು ಲಂಡನ್ನಿಗೆ ದೊರಕಿಸಿಕೊಟ್ಟವರು ಮಾತು ಕೇಳದವರು. ಚಿತ್ರದಲ್ಲಿ ಅವರ ಸುಳಿವೇ ಇಲ್ಲ.

ಇದಕ್ಕಿಂತ ಮೊನಚಾದ ಸಾಕ್ಷಿ ಇನ್ನೊಂದಿದೆ. ಐದು ವರ್ಷ ಮೊದಲು, 1935ರಲ್ಲಿ, ಆರ್ಥರ್ ಎಲ್ಟನ್ ಮತ್ತು ಎಡ್ಗರ್ ಆನ್‌ಸ್ಟಿ ‘ಹೌಸಿಂಗ್ ಪ್ರಾಬ್ಲಮ್ಸ್’ ಎಂಬ ಕಿರುಚಿತ್ರ ತೆಗೆದರು. ಜಾಗ ಇದೇ ಸ್ಟೆಪ್ನಿ. ಆ ಕಾಲದ ಭಾರದ ಕ್ಯಾಮೆರಾ, ದೀಪ, ಧ್ವನಿಯಂತ್ರಗಳನ್ನು ಕೊಳೆಗೇರಿಯ ಇಕ್ಕಟ್ಟು ಕೋಣೆಗಳಿಗೇ ಹೊತ್ತೊಯ್ದು ಅಲ್ಲಿಯವರನ್ನೇ ಮಾತಾಡಿಸಿದರು. ಒಬ್ಬಾಕೆ ಮನೆಗೆ ನುಗ್ಗಿದ ಇಲಿಯ ಜತೆ ಬಡಿದಾಡಿದ್ದನ್ನು ಹೇಳುತ್ತಾಳೆ. ಮತ್ತೊಬ್ಬರು ತಿಗಣೆ ಕಾಟ ಹೇಳುತ್ತಾರೆ, ಇನ್ನೊಬ್ಬರು ಕುಸಿಯುತ್ತಿರುವ ಗೋಡೆ. ಈ ಚಿತ್ರಕ್ಕೆ ಹಣ ಹಾಕಿದ್ದು ಗ್ಯಾಸ್ ಕಂಪನಿಗಳ ಒಕ್ಕೂಟ. ಹೊಸ ಮನೆ ಕಟ್ಟಿದರೆ ಗ್ಯಾಸ್ ಒಲೆ ಬರುತ್ತದೆಂಬ ಲೆಕ್ಕಾಚಾರ ಅದರದ್ದು. ಹಾಗಿದ್ದರೂ ಜನ ಮಾತಾಡಿದರು, ಅವರ ಮಾತು ಚಿತ್ರದಲ್ಲಿ ಉಳಿಯಿತು. ಬಾಯಿ ಬಿಡಲು ಬಿಟ್ಟಾಗ ದೂರು ಹೇಳಿದ ಬೀದಿಯೇ, ಬಾಯಿ ಕಟ್ಟಿದಾಗ ಧೀರರ ಬೀದಿಯಾಯಿತು. ಮೌನದಲ್ಲೇ ಘನತೆ ಕಾಣುವ ನಮ್ಮ ನಿರ್ದೇಶಕರು ಈ ಎರಡು ಚಿತ್ರಗಳನ್ನು ಒಟ್ಟಿಗೆ ಕೂತು ನೋಡಬೇಕು.

ನಮ್ಮ ದೇಶದಲ್ಲಿ ಈ ಹೊಗಳಿಕೆಗೆ ರಾಜಧಾನಿ ಮುಂಬೈ. 2005ರ ಜುಲೈ 26ರಂದು ಸಾಂತಾಕ್ರೂಜ್‌ನಲ್ಲಿ 24 ಗಂಟೆಗಳಲ್ಲಿ 944 ಮಿ.ಮೀ. ಮಳೆ ಸುರಿಯಿತು. ಗುರುತಿಲ್ಲದವರಿಗೆ ಮನೆ ಬಾಗಿಲು ತೆರೆದವರು, ಎದೆಮಟ್ಟದ ನೀರಿನಲ್ಲಿ ಕೈ ಹಿಡಿದು ದಾಟಿಸಿದವರು, ಸಿಕ್ಕಿಬಿದ್ದವರಿಗೆ ಚಹಾ ಬಿಸ್ಕತ್ತು ಹಂಚಿದವರು ಎಲ್ಲರೂ ಅಲ್ಲಿದ್ದರು. ಅದು ದೊಡ್ಡ ಗುಣ, ಅದರಲ್ಲಿ ಎರಡು ಮಾತಿಲ್ಲ. ಅದಕ್ಕೆ ‘ಮುಂಬೈ ಸ್ಪಿರಿಟ್’ ಎಂದು ಪಟ್ಟ ಕಟ್ಟಲಾಯಿತು. ಆದರೆ ನಗರದ ಮಳೆನೀರು ಕಾಲುವೆಗಳು ಗಂಟೆಗೆ 25 ಮಿ.ಮೀ. ಮಳೆಗಷ್ಟೇ ಸಾಲುತ್ತವೆ, ಅದನ್ನು 50 ಮಿ.ಮೀ.ಗೆ ಏರಿಸಬೇಕೆಂದು ಬ್ರಿಮ್‌ಸ್ಟೋವಾಡ್ ವರದಿ 1993ರಲ್ಲೇ ಹೇಳಿತ್ತು. ಹನ್ನೆರಡು ವರ್ಷ ಕಳೆದರೂ ಅದರ ಬಹುಪಾಲು ಕಾಗದದಲ್ಲೇ ಇತ್ತು. ಆ ಮಳೆಗೆ ನಗರದಲ್ಲಿ 400ಕ್ಕೂ ಹೆಚ್ಚು ಜನ ಸತ್ತರು. ಅಂಥ ಮಳೆಯನ್ನು ಯಾವ ಕಾಲುವೆಯೂ ಪೂರ್ತಿ ನುಂಗಲಾರದು ಎಂಬುದು ಒಪ್ಪುವ ಮಾತೇ. ಆದರೆ ಎಷ್ಟು ಜನ ಸಾಯುತ್ತಾರೆ, ನೀರು ಎಷ್ಟು ಹೊತ್ತು ನಿಲ್ಲುತ್ತದೆ ಎಂಬುದು ಮೋಡದ ಕೈಯಲ್ಲಿರುವುದಿಲ್ಲ.

ಮರುವರ್ಷ ಜುಲೈ 11ರಂದು ಲೋಕಲ್ ರೈಲುಗಳಲ್ಲಿ ಏಳು ಬಾಂಬು ಸಿಡಿದವು. ಮಾರನೆಯ ಬೆಳಿಗ್ಗೆ ಜನ ಮತ್ತೆ ಅದೇ ರೈಲು ಹತ್ತಿದರು. ಮತ್ತೆ ಸ್ಪಿರಿಟ್‌ಗೆ ಶಹಬ್ಬಾಸ್. ಹತ್ತದೆ ಇರಲು ಅವರಿಗೆ ಬೇರೆ ದಾರಿ ಇತ್ತೇ ಎಂದು ಕೇಳಿದವರು ಕಡಿಮೆ. ದಿನಗೂಲಿಯವನು ಮನೆಯಲ್ಲಿ ಕೂತರೆ ಆ ದಿನದ ಕೂಲಿ ಯಾರು ಕೊಡುತ್ತಾರೆ? 2017ರ ಸೆಪ್ಟೆಂಬರ್ 29ರಂದು ಎಲ್ಫಿನ್‌ಸ್ಟನ್ ರೋಡ್ ನಿಲ್ದಾಣದ ಇಕ್ಕಟ್ಟು ಕಾಲುಸೇತುವೆಯ ನೂಕುನುಗ್ಗಲಿನಲ್ಲಿ 23 ಜನ ಸತ್ತರು. ಅಗಲ ಸೇತುವೆ ಬೇಕೆಂಬ ಮನವಿಗಳು ಮೊದಲೇ ಹೋಗಿದ್ದವು. ಆ ಸೇತುವೆಯ ಮೇಲೆ ದಿನವೂ ಮೈಗೆ ಮೈ ತಿಕ್ಕಿಕೊಂಡು ಸಾಗುತ್ತಿದ್ದವರ ತಾಳ್ಮೆಯ ಮೇಲೆ ಸೊಗಸಾದ ಕಿರುಚಿತ್ರ ತೆಗೆಯಬಹುದಿತ್ತು. ತೆಗೆದಿದ್ದರೆ ಸೇತುವೆ ಒಂದು ಅಂಗುಲವೂ ಅಗಲವಾಗುತ್ತಿರಲಿಲ್ಲ.

ಇನ್ನು ಬೆಂಗಳೂರಿಗೆ ಬರೋಣ. ಘನತೆಯ ವಾದ ಎಷ್ಟು ಟೊಳ್ಳು ಎಂಬುದು ಇಲ್ಲಿ ಸಲೀಸಾಗಿ ಕಾಣುತ್ತದೆ. 2022ರ ಆಗಸ್ಟ್ ಕೊನೆ, ಸೆಪ್ಟೆಂಬರ್ ಮೊದಲ ವಾರದ ಮಳೆಗೆ ಹೊರವರ್ತುಲ ರಸ್ತೆ ಕೆರೆಯಾಯಿತು. ಬೆಳ್ಳಂದೂರು, ಮಹದೇವಪುರದ ಕಡೆ ಐಟಿ ನೌಕರರು ಟ್ರ್ಯಾಕ್ಟರ್ ಏರಿ ಕಚೇರಿಗೆ ಹೋದರು. ಕೋಟಿ ಬೆಲೆಯ ವಿಲ್ಲಾಗಳಿಂದ ಜನರನ್ನು ದೋಣಿಯಲ್ಲಿ ಹೊರತಂದರು. ಆಗ ಯಾರಾದರೂ ವಿಲ್ಲಾವಾಸಿಗಳ ಎದೆಗಾರಿಕೆಯ ಮೇಲೆ ಸಾಕ್ಷ್ಯಚಿತ್ರ ತೆಗೆದರೇ? ಹಿನ್ನೆಲೆಯಲ್ಲಿ ಕೊಳಲು ನುಡಿಸಿದರೇ? ಇಲ್ಲ. ರಾಜಕಾಲುವೆ ಒತ್ತುವರಿಯ ನಕ್ಷೆಗಳು ಹೊರಬಂದವು, ಜೆಸಿಬಿಗಳು ಬಂದವು. ಆಗಸ್ಟ್ 30ರ ಒಂದೇ ದಿನ ರಸ್ತೆಯಲ್ಲಿ ಸಿಕ್ಕಿಬಿದ್ದು 225 ಕೋಟಿ ರೂಪಾಯಿ ನಷ್ಟವಾಯಿತೆಂದು ಆ ಭಾಗದ ಕಂಪನಿಗಳ ಸಂಘ ಮುಖ್ಯಮಂತ್ರಿಗೆ ಪತ್ರ ಬರೆಯಿತು. ಅದು ಸರಿಯಾದ ಕೆಲಸವೇ. ತೆರಿಗೆ ಕಟ್ಟಿದವರು ಕಾಲುವೆ ಎಲ್ಲಿ ಎಂದು ಕೇಳಬೇಕಾದದ್ದೇ. ನನ್ನ ಪ್ರಶ್ನೆ ಇಷ್ಟು: ಒಂದೇ ಮಳೆ, ಒಂದೇ ಊರು, ಉಳ್ಳವನ ಮನೆಗೆ ನೀರು ನುಗ್ಗಿದರೆ ಅದು ಆಡಳಿತದ ವೈಫಲ್ಯ, ಇಲ್ಲದವನ ಗುಡಿಸಲಿಗೆ ನುಗ್ಗಿದರೆ ಅದು ಮನುಷ್ಯನ ಅದಮ್ಯ ಚೇತನವೇ? ಉಳ್ಳವರನ್ನು ಹೀಗೆ ಹೊಗಳಲು ಹೋದರೆ ಅವರು ಅವಮಾನ ಎಂದುಕೊಳ್ಳುತ್ತಾರೆ, ಸರಿಯಾಗಿಯೇ. ಅದೇ ಹೊಗಳಿಕೆ ಬಡವರಿಗೆ ಘನತೆ ಹೇಗಾಯಿತು?

ಹೂ ಮಾರುವ ಹೆಂಗಸಿನ ವಿಷಯಕ್ಕೇ ಬಂದರೆ, ಮಳೆ ಅವಳ ಕಷ್ಟಗಳಲ್ಲಿ ತೀರ ಸಣ್ಣದು. ದೊಡ್ಡ ಕಷ್ಟಗಳಿಗೆ ಮುಖವಿದೆ, ವಿಳಾಸವಿದೆ. ಬೆಳಿಗ್ಗೆ ಬಂಡವಾಳಕ್ಕೆ ಕೊಡುವ ಸಾಲದಲ್ಲೇ ಬಡ್ಡಿ ಮುರಿದುಕೊಂಡು ಸಂಜೆ ಪೂರ್ತಿ ಅಸಲು ಎಣಿಸಿಕೊಳ್ಳುವವನು ಒಬ್ಬ. ‘ಎತ್ತಮ್ಮ ಮೊದಲು’ ಎಂದು ಗದರಿ ಬುಟ್ಟಿಯನ್ನು ಗಾಡಿಗೆ ಎಸೆಯುವವನು ಇನ್ನೊಬ್ಬ. ಬೀದಿಬದಿ ವ್ಯಾಪಾರಿಗಳ ರಕ್ಷಣೆಗೆ 2014ರಲ್ಲೇ ಸಂಸತ್ತು ಕಾನೂನು ಮಾಡಿದೆ. ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ, ವ್ಯಾಪಾರದ ಜಾಗ ಗೊತ್ತುಮಾಡುವ ಪಟ್ಟಣ ಸಮಿತಿಯಲ್ಲಿ ವ್ಯಾಪಾರಿಗಳ ಪ್ರತಿನಿಧಿಗಳು ಕನಿಷ್ಠ ಶೇ. 40ರಷ್ಟು ಇರಬೇಕು ಎನ್ನುತ್ತದೆ ಆ ಕಾನೂನು. ಗುರುತಿನ ಚೀಟಿ ಸಿಕ್ಕಿತೇ ಎಂಬ ಒಂದೇ ಪ್ರಶ್ನೆ ಕೇಳಿದ್ದರೆ ಅವಳು ಅರ್ಧ ವಾಕ್ಯಕ್ಕೆ ನಿಲ್ಲುತ್ತಿರಲಿಲ್ಲ. ಆದರೆ ಬಡ್ಡಿಯವನಾಗಲಿ ಗಾಡಿಯವನಾಗಲಿ ಚೌಕಟ್ಟಿನೊಳಗೆ ಬಂದರೆ ಚಿತ್ರದ ಸೊಗಸು ಕೆಡುತ್ತದೆ. ಮಳೆಯಾದರೆ ನೋಡಲು ಚೆಂದ. ಅದು ಯಾರ ಮೇಲೂ ಮಾನನಷ್ಟ ಮೊಕದ್ದಮೆ ಹೂಡುವುದಿಲ್ಲ.

ಇಂಥ ಕ್ಯಾಮೆರಾಗಳಿಗೆ ಪ್ರಿಯವಾದ ಇನ್ನೊಂದು ವಸ್ತು ಗಾರ್ಮೆಂಟ್ಸ್ ಹೆಂಗಸರು. ನಸುಕಿಗೇ ಎದ್ದು, ನೀರು ಹಿಡಿದು, ಅಡುಗೆ ಮಾಡಿ, ಡಬ್ಬಿ ಕಟ್ಟಿ, ಟೆಂಪೊದಲ್ಲಿ ನಿಂತು ಬರುವವರು. ಲೈನಿನಲ್ಲಿ ಕೂತರೆ ಗಂಟೆಗಿಷ್ಟು ಪೀಸ್ ಎಂಬ ಪ್ರೊಡಕ್ಷನ್ ಲೆಕ್ಕ. ಟಾಯ್ಲೆಟ್ಟಿಗೆ ಎದ್ದರೆ ಸೂಪರ್‌ವೈಸರ್ ಕೂಗುತ್ತಾನೆಂದು ನೀರನ್ನೇ ಕುಡಿಯದೆ ಕೂರುವವರು ಎಷ್ಟೋ ಮಂದಿ. ಇಷ್ಟನ್ನು ತೋರಿಸಿ ‘ತಾಯಿಯ ಛಲ’ ಎಂದು ಹೆಸರಿಟ್ಟರೆ ಚಿತ್ರ ಸಿದ್ಧ. ಆದರೆ ಈ ಹೆಂಗಸರು ತಾವೇ ಬರೆದ ಒಂದು ಅಧ್ಯಾಯವಿದೆ. 2016ರ ಫೆಬ್ರುವರಿಯಲ್ಲಿ ಕೇಂದ್ರ ಸರಕಾರ ಭವಿಷ್ಯನಿಧಿಯ ನಿಯಮ ಬದಲಿಸಿತು: ಮಾಲೀಕರ ಪಾಲಿನ ಪಿಎಫ್ ಹಣವನ್ನು 58 ವರ್ಷ ತುಂಬುವವರೆಗೆ ತೆಗೆಯುವಂತಿಲ್ಲ. ದೆಹಲಿಯಲ್ಲಿ ಕೂತು ನೋಡಿದರೆ ಇದು ಮುಪ್ಪಿನ ಭದ್ರತೆ. ತಿಂಗಳಿಗೆ 7 ಸಾವಿರದ ಆಸುಪಾಸು ಸಂಬಳ ಎಣಿಸುವವಳಿಗೆ ಅದು ಬೇರೆಯೇ. ಸಂಸಾರದಲ್ಲಿ ಅವಳದೇ ಎಂದು ಉಳಿಯುವ ಇಡಿಗಂಟು ಅದೊಂದೇ. ಮಗಳ ಫೀಸು, ಗಂಡನ ಆಸ್ಪತ್ರೆ, ಮನೆಯ ಲೀಸು, ಕೈಸಾಲ ಎಲ್ಲಕ್ಕೂ ಅದೇ ಆಧಾರ. ಐವತ್ತೆಂಟರವರೆಗೆ ಗಾರ್ಮೆಂಟ್ಸಿನಲ್ಲಿ ಯಾರನ್ನು ಇಟ್ಟುಕೊಳ್ಳುತ್ತಾರೆ?

ಏಪ್ರಿಲ್ 18ರ ಸೋಮವಾರ ಬೊಮ್ಮನಹಳ್ಳಿ ಕಡೆಯ ಹೆಂಗಸರು ಮೆಷಿನ್ ಬಿಟ್ಟೆದ್ದು ಹೊಸೂರು ರಸ್ತೆಗಿಳಿದರು. ಮಂಗಳವಾರ ಹೆಬ್ಬಗೋಡಿ, ಪೀಣ್ಯ, ತುಮಕೂರು ರಸ್ತೆಗಳಲ್ಲೂ ಜನಸಾಗರ. ಕರೆ ಕೊಟ್ಟ ದೊಡ್ಡ ನಾಯಕರಿಲ್ಲ, ಮುಂಚೆ ನಡೆದ ಸಭೆಗಳಿಲ್ಲ. ಲಾಠಿ ಬೀಸಿತು, ಅಶ್ರುವಾಯು ಸಿಡಿಯಿತು. ಬಸ್ಸುಗಳು ಸುಟ್ಟವು, ಠಾಣೆಯ ಮೇಲೆ ಕಲ್ಲು ಬಿತ್ತು. ಅದನ್ನು ಸಮರ್ಥಿಸುವ ಅಗತ್ಯವಿಲ್ಲ, ಮುಚ್ಚಿಡುವ ಅಗತ್ಯವೂ ಇಲ್ಲ. ನಿಯಮವನ್ನು ಮುಂದೂಡುತ್ತೇವೆ ಎಂದು ಮೊದಲು ಹೇಳಿದ ಕೇಂದ್ರ, ಮಂಗಳವಾರ ಸಂಜೆಯ ಹೊತ್ತಿಗೆ ಅದನ್ನು ಹಿಂದಕ್ಕೇ ಪಡೆಯಿತು. ಲಾಭ ಬೆಂಗಳೂರಿನ ಹೆಂಗಸರಿಗಷ್ಟೇ ಅಲ್ಲ, ದೇಶದ ಕೋಟ್ಯಂತರ ಪಿಎಫ್ ಖಾತೆದಾರರಿಗೆ. ಅವರಲ್ಲಿ ಆ ದಿನ ಟ್ರಾಫಿಕ್ಕಿನಲ್ಲಿ ಸಿಕ್ಕಿ ಈ ಹೆಂಗಸರನ್ನು ಬೈದುಕೊಂಡ ಕಾರಿನವರೂ ಇದ್ದರು. ವರ್ಷಗಟ್ಟಲೆ ತಾಳಿಕೊಂಡದ್ದರಿಂದ ಬಾರದ್ದು ಎರಡು ದಿನ ತಾಳದೆ ಹೋದದ್ದರಿಂದ ಬಂತು. ನಸುಕಿಗೆ ಎದ್ದ ಹೆಂಗಸಿನ ಹಿಂದೆ ಹೋಗುವ ಕ್ಯಾಮೆರಾ ಅದೇ ಹೆಂಗಸು ರಸ್ತೆಗಿಳಿದಾಗ ಏಕೆ ಮನೆಗೆ ಹೋಗುತ್ತದೆ?

ಉಪದೇಶವಿಲ್ಲ, ಬರೀ ನೋಟ ಎಂಬ ಎರಡನೆಯ ವಾದ ಇಲ್ಲಿ ಎದುರಾಗುತ್ತದೆ. ನೋಟದ ಮೇಲೆ ನನಗೆ ಸಿಟ್ಟಿಲ್ಲ. ಫ್ರೆಡರಿಕ್ ವೈಸ್‌ಮನ್ 1975ರಲ್ಲಿ ನ್ಯೂಯಾರ್ಕಿನ ಸರಕಾರಿ ನೆರವು ಕಚೇರಿಯೊಂದರಲ್ಲಿ ‘ವೆಲ್‌ಫೇರ್’ ತೆಗೆದ. ನಿರೂಪಣೆಯಿಲ್ಲ, ಹಿನ್ನೆಲೆ ಸಂಗೀತವಿಲ್ಲ, ಸಂದರ್ಶನವಿಲ್ಲ. ಪಕ್ಕಾ ನೋಟದ ಚಿತ್ರ, ಮೂರು ಗಂಟೆಯ ಹತ್ತಿರ. ಆದರೆ ಅವನ ಕ್ಯಾಮೆರಾ ನಿಂತದ್ದು ಕೌಂಟರಿನ ಬಳಿ. ಅರ್ಜಿ ಹಿಡಿದು ಬಂದವನ ಮುಖದಷ್ಟೇ ಹೊತ್ತು, ಆ ಕಾಗದ ತನ್ನಿ, ಈ ಕಾಗದ ಸಾಲದು, ಬೇರೆ ಕಚೇರಿಗೆ ಹೋಗಿ ಎನ್ನುವ ಗುಮಾಸ್ತರ ಮುಖವೂ ಅಲ್ಲಿದೆ. ಗುಮಾಸ್ತರೂ ನಿಯಮಗಳ ಬಲೆಯಲ್ಲಿ ಸಿಕ್ಕಿದವರೇ ಎಂಬುದು ನಿಧಾನಕ್ಕೆ ತಿಳಿಯುತ್ತದೆ. ಒಂದು ಮಾತೂ ಬೋಧಿಸದೆ ಇಡೀ ವ್ಯವಸ್ಥೆಯ ಕೀಲುಗಳು ಕಾಣುತ್ತವೆ. ಆದ್ದರಿಂದ ದೋಷ ಶೈಲಿಯದಲ್ಲ. ಕ್ಯಾಮೆರಾವನ್ನು ಎಲ್ಲಿ ಇಡುತ್ತೇವೆ ಎಂಬುದೇ ತೀರ್ಪು. ಕಷ್ಟಪಡುವವರ ಮುಂದೆ ಮಾತ್ರ ಇಟ್ಟು, ಕಷ್ಟ ಕೊಡುವವರ ಮುಂದೆ ಇಡದೆ ಹೋದರೆ ಅದು ಆಗಲೇ ಒಂದು ಪಕ್ಷ ವಹಿಸಿಯಾಗಿದೆ.

ನಮ್ಮಲ್ಲೂ ಇದನ್ನು ಅರಿತವರು ಇದ್ದಾರೆ. ಆನಂದ್ ಪಟವರ್ಧನ್ ಅವರ 1985ರ ‘ಹಮಾರಾ ಶಹರ್’ ಮುಂಬೈನ ಗುಡಿಸಲು ತೆರವಿನ ಮೇಲಿನ ಚಿತ್ರ. ಮನೆ ಕಳೆದುಕೊಂಡವರ ಜತೆಗೇ, ಅವರನ್ನು ಎಬ್ಬಿಸಬೇಕೆನ್ನುವ ಅಧಿಕಾರಿಗಳು, ಅನುಕೂಲಸ್ಥರು ಅಲ್ಲಿ ಮಾತಾಡುತ್ತಾರೆ. ಒಂದು ಕಡೆ ಬೀದಿಗೆ ಬಿದ್ದ ಹೆಂಗಸೊಬ್ಬಳು ನಿರ್ದೇಶಕರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ: ನಮ್ಮ ಚಿತ್ರ ತೆಗೆದು ನೀವು ಹೆಸರು ಮಾಡಿಕೊಳ್ಳುತ್ತೀರಿ, ನಮಗೇನು ಮಾಡುತ್ತೀರಿ ಎಂಬ ಧಾಟಿಯಲ್ಲಿ. ಪಟವರ್ಧನ್ ಆ ಭಾಗವನ್ನು ಚಿತ್ರದಲ್ಲೇ ಉಳಿಸಿಕೊಂಡರು. ಇಂದಿನ ಹತ್ತು ನಿಮಿಷದ ಚಿತ್ರಗಳಲ್ಲಿ ಇಂಥ ಬೈಗುಳ ಎಲ್ಲಿ ಹೋಯಿತು? ಜನ ಬೈಯುವುದನ್ನು ಬಿಟ್ಟಿದ್ದಾರೆಂದು ನಂಬುವುದು ಕಷ್ಟ. ನಗು ಉಳಿಯಿತು, ಬೈಗುಳ ಕತ್ತರಿಗೆ ಸಿಕ್ಕಿತು.

‘ಅವರಿಗೇ ತಮ್ಮ ದುಡಿಮೆಯ ಬಗ್ಗೆ ಹೆಮ್ಮೆಯಿದೆ, ನೀವ್ಯಾರು ಬೇಡ ಎನ್ನಲು’ ಎಂದು ಕೇಳುವವರಿದ್ದಾರೆ. ಹೆಮ್ಮೆ ಇದ್ದೇ ಇರುತ್ತದೆ, ಇರಬೇಕು. ಅದು ಅವರು ಗಳಿಸಿದ ಸೊತ್ತು. ಆ ಹೆಮ್ಮೆಯನ್ನು ತಂದು ನಾವು ನಮ್ಮ ಆಡಳಿತಕ್ಕೆ ಒಳ್ಳೆಯ ನಡತೆಯ ಸರ್ಟಿಫಿಕೇಟ್ ಮಾಡಿಕೊಳ್ಳುವುದು ಮಾತ್ರ ಬೇಡ.

ಉಳಿದದ್ದು ಭರವಸೆಯ ವಾದ. ಭರವಸೆ ಬೇಕೆನ್ನುವವರಿಗೆ ಪೌರಕಾರ್ಮಿಕರನ್ನು ತೋರಿಸುತ್ತೇನೆ, ಪೊರಕೆ ಹಿಡಿದ ಕೈಯ ಕ್ಲೋಸ್‌ಅಪ್‌ನಲ್ಲಲ್ಲ. ವರ್ಷಗಟ್ಟಲೆ ಗುತ್ತಿಗೆದಾರನ ಕೈಕೆಳಗೆ, ಸಂಬಳ ಯಾವಾಗ ಬರುತ್ತದೆಂದು ಗೊತ್ತಿಲ್ಲದೆ ದುಡಿದವರು ಅವರು. ಕೊರೋನಾ ಕಾಲದಲ್ಲಿ ನಾವು ಅವರಿಗೆ ಹಾರ ಹಾಕಿದೆವು, ಪಾದಪೂಜೆ ಮಾಡಿದೆವು, ವಿಡಿಯೊ ಮಾಡಿದೆವು. ಹಾರದಿಂದ ಕೆಲಸ ಕಾಯಂ ಆಗಲಿಲ್ಲ. 2022ರ ಜುಲೈ ಮೊದಲ ದಿನಗಳಲ್ಲಿ ಸಾವಿರಾರು ಮಂದಿ ಪೊರಕೆ ಕೆಳಗಿಟ್ಟು ಫ್ರೀಡಂ ಪಾರ್ಕಿನಲ್ಲಿ ಕೂತರು. ಬೀದಿಗಳಲ್ಲಿ ಕಸ ಬೆಳೆಯಿತು. ಸರಕಾರ ಕಾಯಂ ಮಾಡುತ್ತೇವೆಂದು ಮಾತು ಕೊಟ್ಟ ಮೇಲೆ ಎದ್ದರು. ಮಾತು ಕೃತಿಗಿಳಿಯಲು ಮತ್ತೆ ವರ್ಷಗಳು ಹಿಡಿದವು. 2025ರ ಮೇ 1ರಂದು ಬೆಂಗಳೂರಿನ 12 ಸಾವಿರಕ್ಕೂ ಹೆಚ್ಚು ಪೌರಕಾರ್ಮಿಕರಿಗೆ ಕಾಯಂ ನೇಮಕಾತಿ ಆದೇಶ ಸಿಕ್ಕಿತು. ಕಸದ ಆಟೊ ಓಡಿಸುವವರು, ಲೋಡರ್‌ಗಳ ಬೇಡಿಕೆಗಳ ಜಗಳ ಬೇರೆಯೇ ನಡೆದಿದೆ. ನಗರದಲ್ಲಿ ಭರವಸೆ ಹುಟ್ಟುವ ಬಗೆ ಇದು: ಒಬ್ಬರು ಕೇಳುತ್ತಾರೆ, ಹತ್ತು ಜನ ಜತೆಗೂಡುತ್ತಾರೆ, ಕೆಲಸ ನಿಲ್ಲುತ್ತದೆ, ಕಡತ ಅಲುಗಾಡುತ್ತದೆ. ಇದರಲ್ಲಿ ನಾಟಕೀಯತೆ ಇಲ್ಲವೇ? ಮುಖಗಳಿಲ್ಲವೇ? ನಗುವೂ ಇದೆ, ಗೆದ್ದವರ ನಗು.

ಪ್ರಶಸ್ತಿ ಸಮಿತಿಗಳಲ್ಲಿ ಕೂರುವವರಿಗೆ, ಇಂಥ ಚಿತ್ರಗಳಿಗೆ ಹಣ ಕೊಡುವವರಿಗೆ, ಟಿಕೆಟ್ ಕೊಂಡು ಹೋಗುವ ನಮಗೆ ಒಂದು ಸರಳ ಕಟ್ಟಳೆ ಸಾಕು. ಚಿತ್ರ ಮುಗಿದಾಗ ಕಷ್ಟಪಟ್ಟವರ ಮುಖ ನೆನಪಿದೆ, ಆದರೆ ಆ ಕಷ್ಟ ಯಾವ ಕಚೇರಿಯಿಂದ, ಯಾವ ಕಂಪನಿಯಿಂದ, ಯಾವ ಆದೇಶದಿಂದ ಬಂತೆಂದು ಒಂದು ಸುಳಿವೂ ಸಿಗಲಿಲ್ಲ ಎಂದಾದರೆ, ಆ ಚಿತ್ರಕ್ಕೆ ಪ್ರಶಸ್ತಿ ಬೇಡ. ಛಾಯಾಗ್ರಹಣ ಎಷ್ಟೇ ಚೆನ್ನಾಗಿರಲಿ, ಬೇಡ. ಸಂವಾದಕ್ಕೆ ನಿರ್ದೇಶಕರು ವೇದಿಕೆಗೆ ಬಂದಾಗ ‘ಎಷ್ಟು ತಿಂಗಳು ಚಿತ್ರೀಕರಿಸಿದಿರಿ’ ಎಂದು ಕೇಳುವುದನ್ನು ಬಿಟ್ಟು, ‘ಆ ಕೌಂಟರಿನ ಹಿಂದೆ ಕೂತವರನ್ನು ಏಕೆ ತೋರಿಸಲಿಲ್ಲ’ ಎಂದು ಕೇಳೋಣ. ಉತ್ತರ ಬರುವವರೆಗೆ ಚಪ್ಪಾಳೆ ಕಾಯಲಿ. ತಾಳ್ಮೆಯನ್ನು ಇಷ್ಟು ಹೊಗಳುವವರು ಅಷ್ಟನ್ನಾದರೂ ತಾಳಿಕೊಳ್ಳಲಿ.